ಇನ್ನೂರ ನಲವತ್ತು ಕಂತುಗಳ ಲೆಕ್ಕ

ಗೃಹಸಾಲದ ಅಧಿಕಾರಿಯ ಎದುರು ಕೂತವರು ಸಾಮಾನ್ಯವಾಗಿ ಕೇಳುವುದು ಎರಡೇ ಪ್ರಶ್ನೆ: ಬಡ್ಡಿ ಎಷ್ಟು, ತಿಂಗಳಿಗೆ ಎಷ್ಟು ಕಟ್ಟಬೇಕು. ಎರಡಕ್ಕೂ ಕಂಪ್ಯೂಟರ್ ತಕ್ಷಣ ಉತ್ತರ ಹೇಳುತ್ತದೆ. ‘ಎಲ್ಲ ಮುಗಿದ ಮೇಲೆ ಈ ಸಾಲ ನನಗೆ ಒಟ್ಟು ಎಷ್ಟಕ್ಕೆ ಬಿದ್ದಿರುತ್ತದೆ?’ ಎಂಬ ಮೂರನೆಯ ಪ್ರಶ್ನೆ ಕೇಳುವವರು ಕಡಿಮೆ. ಕೇಳಿದರೂ ಸರಿಯಾದ ಉತ್ತರ ಆ ದಿನ ಬ್ಯಾಂಕಿನವರ ಬಳಿಯೂ ಇರುವುದಿಲ್ಲ. ನಮ್ಮ ದೇಶದ ಗೃಹಸಾಲ ಬಹುಪಾಲು ಬದಲಾಗುವ ಬಡ್ಡಿಯದು; ಇಪ್ಪತ್ತು ವರ್ಷದಲ್ಲಿ ಆ ಬಡ್ಡಿ ಎಷ್ಟು ಸಲ ಏರಿ ಎಷ್ಟು ಸಲ ಇಳಿಯುತ್ತದೆ ಎಂದು ಹೇಳಬಲ್ಲವರು ಯಾರೂ ಇಲ್ಲ. ಹಾಗಾಗಿ ಸಾಲದ ಬೆಲೆ ಸಹಿ ಹಾಕಿದ ದಿನ ಪೂರ್ತಿ ನಿಗದಿಯಾಗುವುದಿಲ್ಲ. ಆಮೇಲಿನ ವರ್ಷಗಳಲ್ಲಿ ಅದು ಸ್ವಲ್ಪ ಸ್ವಲ್ಪವೇ ಗಟ್ಟಿಯಾಗುತ್ತ ಹೋಗುತ್ತದೆ. ಹೆಚ್ಚಿನಂಶ ಸಾಲಗಾರ ಗಮನಿಸದೇ ಇದ್ದ ತಿಂಗಳುಗಳಲ್ಲಿ.

ಲೆಕ್ಕಕ್ಕೆ ಒಂದು ಉದಾಹರಣೆ ಹಿಡಿದು ಹೊರಡೋಣ. ಬೆಂಗಳೂರಿನಲ್ಲಿ 70 ಲಕ್ಷದ ಫ್ಲ್ಯಾಟು, 50 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ. ತಿಂಗಳ ಕಂತು 43,391 ರೂಪಾಯಿ. ದರ ಒಂದಿಷ್ಟೂ ಕದಲಲಿಲ್ಲ ಎಂದುಕೊಂಡರೆ 240 ಕಂತುಗಳಲ್ಲಿ ಕಟ್ಟುವ ಒಟ್ಟು ಹಣ ಸುಮಾರು 1 ಕೋಟಿ 4 ಲಕ್ಷ. ಅದರಲ್ಲಿ ಬಡ್ಡಿಯೇ 54 ಲಕ್ಷ, ಅಸಲಿಗಿಂತ ಜಾಸ್ತಿ.

ಆ ಒಟ್ಟು ಮೊತ್ತಕ್ಕಿಂತ ಹೆಚ್ಚು ಕಲಿಸುವುದು ಕಂತಿನ ಒಳಗಿನ ಪಾಲುಗಳು. ಮೊದಲ ತಿಂಗಳ 43,391ರಲ್ಲಿ 35,417 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಜಮೆಯಾಗುವುದು 7,974 ಮಾತ್ರ. ಐದು ವರ್ಷ ಒಂದೂ ಕಂತು ತಪ್ಪಿಸದೆ 26 ಲಕ್ಷ ಕಟ್ಟಿದವರು ಖಾತೆಯ ವಿವರ ತೆಗೆಸಿದರೆ ಇನ್ನೂ 44 ಲಕ್ಷ ಬಾಕಿ ಇರುತ್ತದೆ. ಹತ್ತು ವರ್ಷವಾದಾಗ, ಅಂದರೆ ಅವಧಿಯ ಅರ್ಧ ಕಳೆದಾಗ, ಬಾಕಿ 35 ಲಕ್ಷ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು ಹನ್ನೆರಡನೆಯ ವರ್ಷದ ಕೊನೆಗೆ. ಸಾಲ ಅರ್ಧಕ್ಕೆ ಇಳಿಯಬೇಕಾದರೆ ಹದಿಮೂರು ವರ್ಷ ಹತ್ತು ತಿಂಗಳು ಕಾಯಬೇಕು. ಇದರಲ್ಲಿ ಮೋಸವೇನೂ ಇಲ್ಲ. ಉಳಿದ ಅಸಲಿನ ಮೇಲೆ ತಿಂಗಳ ಬಡ್ಡಿ ಹಾಕಿ, ಕಂತನ್ನು ಒಂದೇ ಸಮನೆ ಇಟ್ಟರೆ ಗಣಿತ ಬರುವುದೇ ಹೀಗೆ. ಆದರೆ ಏಳೆಂಟು ವರ್ಷಕ್ಕೆ ಮನೆ ಮಾರಿ ಬೇರೆ ಊರಿಗೆ ಹೋಗುವವರಿಗೆ ಇದರ ಪೆಟ್ಟು ಜೋರು. ಅವರು ಕಟ್ಟಿದ್ದರ ಬಹುಭಾಗ ಬಡ್ಡಿಯಾಗಿ ಹೋಗಿರುತ್ತದೆ, ಅಸಲಿನ ದೊಡ್ಡ ಪಾಲು ಹಾಗೇ ಉಳಿದಿರುತ್ತದೆ.

ಇಲ್ಲಿ ಇನ್ನೊಂದು ಮಗ್ಗುಲನ್ನೂ ನೋಡಬೇಕು. ‘50 ಲಕ್ಷಕ್ಕೆ ಒಂದು ಕೋಟಿ ಕಟ್ಟಿದೆವು’ ಎಂದು ಮದುವೆ ಮನೆಗಳಲ್ಲಿ ಕೇಳಿಬರುವ ಗೋಳು ಅರ್ಧ ಮಾತ್ರ ನಿಜ. ಇಂದಿನ 43 ಸಾವಿರ, ಇಪ್ಪತ್ತು ವರ್ಷದ ನಂತರದ 43 ಸಾವಿರ ಎರಡೂ ಒಂದೇ ತೂಕದವಲ್ಲ. ಬೆಲೆಯೇರಿಕೆ ವರ್ಷಕ್ಕೆ ಶೇ 5 ಎಂದಿಟ್ಟುಕೊಂಡರೆ ಕೊನೆಯ ಕಂತಿನ ಮೌಲ್ಯ ಇಂದಿನ 16 ಸಾವಿರದಷ್ಟು. ಎಲ್ಲ ಕಂತುಗಳನ್ನೂ ಅದೇ ರೀತಿ ಇಂದಿನ ರೂಪಾಯಿಗೆ ಇಳಿಸಿ ಕೂಡಿದರೆ ಬರುವ ಮೊತ್ತ ಸುಮಾರು 66 ಲಕ್ಷ. ಅಂದರೆ 50 ಲಕ್ಷಕ್ಕೆ ನಾವು ತೆರುವ ಹೆಚ್ಚುವರಿ ಬೆಲೆ, ಇಂದಿನ ಹಣದ ಲೆಕ್ಕದಲ್ಲಿ, 54 ಲಕ್ಷವಲ್ಲ, 16 ಲಕ್ಷ. ಸಂಬಳ ಬೆಲೆಗಳ ಜೊತೆಗೆ ಏರುತ್ತಿದ್ದರೆ ಈ ಮಾತು ನಿಜ. ಹತ್ತು ವರ್ಷದಿಂದ ಅದೇ ಆದಾಯದಲ್ಲಿರುವ ಸಣ್ಣ ವ್ಯಾಪಾರಿಗೆ, ನಡುವೆ ಕೆಲಸ ಹೋದವರಿಗೆ ಈ ಸಮಾಧಾನ ಒದಗುವುದಿಲ್ಲ. ಒಟ್ಟು ಬಡ್ಡಿಯ ಅಂಕಿ ತೋರಿಸಿ ಹೆದರಿಸುವವರೂ, ‘ರೂಪಾಯಿ ಮೌಲ್ಯ ಕುಸಿಯುತ್ತದೆ, ಧೈರ್ಯವಾಗಿ ತಗೊಳ್ಳಿ’ ಎನ್ನುವ ಏಜೆಂಟರೂ ಇದೇ ಲೆಕ್ಕದ ಒಂದೊಂದು ತುದಿ ಹಿಡಿದಿರುತ್ತಾರೆ.

ಗ್ರಾಹಕರು ಕಾಲು ಪರ್ಸೆಂಟಿಗಾಗಿ ನಾಲ್ಕು ಬ್ಯಾಂಕು ಸುತ್ತುತ್ತಾರೆ. ಸುತ್ತಲಿ, ತಪ್ಪಿಲ್ಲ; ನಮ್ಮ ಉದಾಹರಣೆಯಲ್ಲಿ ಶೇ 8.5ರ ಬದಲು ಶೇ 9 ಆದರೆ ಇಪ್ಪತ್ತು ವರ್ಷದಲ್ಲಿ 3 ಲಕ್ಷ 83 ಸಾವಿರ ಹೆಚ್ಚು ಕಟ್ಟಬೇಕಾಗುತ್ತದೆ. ಅಷ್ಟು ಸುತ್ತಿದವರೇ ಅವಧಿಯ ವಿಷಯ ಬಂದಾಗ ‘ಕಂತು ಕಡಿಮೆಯಾಗುತ್ತೆ ಅಂದರೆ ಮೂವತ್ತು ವರ್ಷ ಹಾಕಿಬಿಡಿ’ ಎನ್ನುತ್ತಾರೆ. 20 ವರ್ಷದ ಸಾಲವನ್ನು 30ಕ್ಕೆ ಎಳೆದರೆ ಕಂತು 43,391ರಿಂದ 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರದ ಉಸಿರು. ಅದಕ್ಕೆ ಪ್ರತಿಯಾಗಿ ಒಟ್ಟು ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಏರುತ್ತದೆ. ಆರು ಸಾವಿರ ಹೆಚ್ಚು ಹಾಕಿ 15 ವರ್ಷಕ್ಕೆ ಮುಗಿಸುವವರ ಬಡ್ಡಿ ಸುಮಾರು 38 ಲಕ್ಷ 60 ಸಾವಿರ. ಮನೆಸಾಲದಲ್ಲಿ ದರಕ್ಕಿಂತ ಅವಧಿ ದೊಡ್ಡದು ಎನ್ನುವುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಮೂವತ್ತೈದರಲ್ಲಿ ಮೂವತ್ತು ವರ್ಷದ ಸಾಲ ಹಿಡಿದವರು ನಿವೃತ್ತಿಯಾದ ಮೇಲೂ ಐದು ವರ್ಷ ಕಂತು ಕಟ್ಟುತ್ತಿರುತ್ತಾರೆ ಎನ್ನುವುದನ್ನು ಅರ್ಜಿಯ ಯಾವ ಕಾಲಮ್ಮೂ ಎತ್ತಿ ಹೇಳುವುದಿಲ್ಲ.

ಇದೇ ಕಾರಣಕ್ಕೆ ಅವಧಿಗೆ ಮುಂಚೆ ಕಟ್ಟುವ ಹಣಕ್ಕೆ ಅಷ್ಟು ಬಲ. ವರ್ಷಕ್ಕೊಮ್ಮೆ, ಬೋನಸ್ಸೋ ಅಡಿಕೆ ಮಾರಿದ ಹಣವೋ ಬಂದಾಗ, ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟುತ್ತ ಹೋದರೆ ನಮ್ಮ 20 ವರ್ಷದ ಸಾಲ 16 ವರ್ಷ 8 ತಿಂಗಳ ಸುಮಾರಿಗೆ ಮುಗಿಯುತ್ತದೆ. ಬಡ್ಡಿಯಲ್ಲಿ ಉಳಿಯುವುದು 10 ಲಕ್ಷದಷ್ಟು. ಎರಡು ವರ್ಷ ಮುಗಿದಾಗ ಒಮ್ಮೆಗೇ 5 ಲಕ್ಷ ಕಟ್ಟಿದರೆ ಸುಮಾರು 45 ಕಂತು ತಪ್ಪಿ 14 ಲಕ್ಷ ಚಿಲ್ಲರೆ ಬಡ್ಡಿ ಉಳಿಯುತ್ತದೆ. ಅದೇ 5 ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿತಾಯ 2 ಲಕ್ಷ 20 ಸಾವಿರ ಮಾತ್ರ. ಬೇಗ ಕಟ್ಟಿ ಎಂಬ ಬುದ್ಧಿವಾದದ ಮೂಲ ಇಲ್ಲಿದೆ. ಆದರೆ ಒಂದು ಸೂಕ್ಷ್ಮ ಉಂಟು: ಎರಡೂ ಸಲ ಆ ಹಣ ಗಳಿಸಿಕೊಟ್ಟದ್ದು ವರ್ಷಕ್ಕೆ ಶೇ 8.5ನ್ನೇ, ಮೊದಲ ಸಲ ಗಳಿಸಲು ಹೆಚ್ಚು ವರ್ಷ ಸಿಕ್ಕವು, ಅಷ್ಟೇ. ಅದಕ್ಕಿಂತ ಹೆಚ್ಚಿನ ಪ್ರತಿಫಲ ಬೇರೆಡೆ ಖಾತ್ರಿಯಾಗಿ, ತೆರಿಗೆ ಕಳೆದು ಸಿಗುವುದಾದರೆ ಸಾಲಕ್ಕೆ ಕಟ್ಟಬೇಕಿಲ್ಲ. ನಿಶ್ಚಿತ ಠೇವಣಿಯಲ್ಲಿ ಅಂಥದ್ದು ಸಿಗುವುದಿಲ್ಲ. ಮನೆಯಲ್ಲಿ ಆರು ತಿಂಗಳ ಖರ್ಚಿನ ಹಣವೂ ಇಲ್ಲದೆ ಇದ್ದಬದ್ದದ್ದನ್ನೆಲ್ಲ ಸಾಲಕ್ಕೆ ಸುರಿಯುವುದೂ ಜಾಣತನವಲ್ಲ. ಕಟ್ಟಿದ ಹಣವನ್ನು ಬ್ಯಾಂಕು ಕೇಳಿದಾಗ ವಾಪಸು ಕೊಡುವುದಿಲ್ಲ. ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲದಲ್ಲಿ ಹೆಚ್ಚುವರಿ ಹಣ ಇಟ್ಟು ಬೇಕಾದಾಗ ತೆಗೆಯಬಹುದು, ಆದರೆ ಅದಕ್ಕೆ ದರ ತುಸು ಹೆಚ್ಚು. ಬದಲಾಗುವ ಬಡ್ಡಿಯ ಗೃಹಸಾಲವನ್ನು ಅವಧಿಗೆ ಮುಂಚೆ ತೀರಿಸಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರ ಜೂನ್‌ನಲ್ಲೇ ಆದೇಶಿಸಿದೆ. ಅದಕ್ಕೂ ಮುಂಚೆ ಸಾಲ ತೀರಿಸಿದ್ದಕ್ಕೇ ದಂಡ ತೆತ್ತವರು ನಮ್ಮ ನಡುವೆ ಬಹಳ ಮಂದಿ ಇದ್ದಾರೆ.

ಇನ್ನು ದರದ ವಿಷಯ. ಅಮೆರಿಕದಲ್ಲಿರುವ ಅಣ್ಣನೋ ಅಕ್ಕನೋ ತಮ್ಮ ಮನೆಸಾಲದ ಬಡ್ಡಿ ಹೇಳಿ ನಮ್ಮವರ ಹೊಟ್ಟೆ ಉರಿಸುವಾಗ ಒಂದು ವ್ಯತ್ಯಾಸ ಬಿಟ್ಟುಹೋಗುತ್ತದೆ. ಅಲ್ಲಿ 30 ವರ್ಷಕ್ಕೆ ಒಂದೇ ದರದ ಸಾಲ ಮಾಮೂಲು. ಮಾರುಕಟ್ಟೆಯಲ್ಲಿ ಬಡ್ಡಿ ಏರಿದರೆ ಸಾಲಗಾರನಿಗೆ ತಟ್ಟದು, ಇಳಿದರೆ ಹೊಸ ಸಾಲ ಪಡೆದು ಹಳೆಯದನ್ನು ತೀರಿಸಬಹುದು. ನಮ್ಮಲ್ಲಿ ಏರಿಳಿತದ ಅಪಾಯವನ್ನು ಹೊರುವವನು ಸಾಲಗಾರ. ಅಪಾಯ ಹೊರುವುದಕ್ಕೂ ಒಂದು ಬೆಲೆಯಿದೆ, ಅದು ಯಾವ ಕರಪತ್ರದಲ್ಲೂ ಕಾಣುವುದಿಲ್ಲ.

ಉದಾಹರಣೆಗೆ, 2009ರಲ್ಲಿ ಸ್ಟೇಟ್ ಬ್ಯಾಂಕ್ ಮೊದಲ ವರ್ಷಕ್ಕೆ ಶೇ 8ರ ‘ಟೀಸರ್’ ಗೃಹಸಾಲ ತಂದಿತು, ಉಳಿದವರೂ ಹಿಂಬಾಲಿಸಿದರು. 2010ರ ಮಾರ್ಚ್‌ನಿಂದ 2011ರ ಅಕ್ಟೋಬರ್‌ವರೆಗೆ ರಿಸರ್ವ್ ಬ್ಯಾಂಕ್ ಹದಿಮೂರು ಸಲ ದರ ಏರಿಸಿತು. ಆರಂಭದ ಸವಿ ಮುಗಿದ ಮೇಲೆ ಸಾಲಗಾರರು ಕಟ್ಟಬೇಕಾಗಿ ಬಂದ ಕಂತು, ಮನೆ ಕೊಳ್ಳುವಾಗ ಹಾಕಿದ ಲೆಕ್ಕದ ಕಂತಾಗಿರಲಿಲ್ಲ. ಇಂಥ ಸಾಲಗಳಿಗೆ ಬ್ಯಾಂಕುಗಳು ತೆಗೆದಿಡಬೇಕಾದ ಹಣವನ್ನು ರಿಸರ್ವ್ ಬ್ಯಾಂಕ್ ಶೇ 0.4ರಿಂದ ಶೇ 2ಕ್ಕೆ ಏರಿಸಿದ ಮೇಲೆ ಆ ಆಕರ್ಷಣೆ ತಣ್ಣಗಾಯಿತು.

ಇದಕ್ಕಿಂತ ದೀರ್ಘವಾದದ್ದು ‘ಯಾವುದಕ್ಕೆ ಜೋಡಿಸಿದ ದರ’ ಎಂಬ ಜಗ್ಗಾಟ. 2003ರಲ್ಲಿ ಬಿಪಿಎಲ್‌ಆರ್, 2010ರ ಜುಲೈಯಿಂದ ಬೇಸ್ ರೇಟ್, 2016ರ ಏಪ್ರಿಲ್‌ನಿಂದ ಎಂಸಿಎಲ್‌ಆರ್ ಹೀಗೆ ಬ್ಯಾಂಕುಗಳು ತಾವೇ ಲೆಕ್ಕ ಹಾಕುವ ಮೂಲ ದರದ ಪದ್ಧತಿ ಮತ್ತೆ ಮತ್ತೆ ಬದಲಾಯಿತು. ಬದಲಾಗಲು ಕಾರಣ ಪ್ರತಿ ಸಲವೂ ಒಂದೇ: ರಿಸರ್ವ್ ಬ್ಯಾಂಕ್ ದರ ಏರಿಸಿದಾಗ ಸಾಲಗಾರನಿಗೆ ಬೇಗ ತಲುಪುತ್ತಿತ್ತು, ಇಳಿಸಿದಾಗ ನಿಧಾನವಾಗಿ, ಅದೂ ಹೊಸ ಗ್ರಾಹಕರಿಗೆ ಮೊದಲು. ರಿಸರ್ವ್ ಬ್ಯಾಂಕಿನದೇ, ಜನಕ್ ರಾಜ್ ನೇತೃತ್ವದ ಅಧ್ಯಯನ ತಂಡ 2017ರಲ್ಲಿ ಇದನ್ನು ಪರಿಶೀಲಿಸಿ, ಬ್ಯಾಂಕುಗಳು ತಮ್ಮ ಮೂಲ ದರವನ್ನೂ ಅದರ ಮೇಲಿನ ‘ಸ್ಪ್ರೆಡ್’ ಅನ್ನೂ ಮನಬಂದಂತೆ ಹೊಂದಿಸಿಕೊಂಡಿವೆ ಎಂಬ ತೀರ್ಮಾನಕ್ಕೆ ಬಂತು. ಅದರ ಫಲವಾಗಿ 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಗೃಹಸಾಲಗಳೆಲ್ಲ ರೆಪೊದಂಥ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಹೊರಗಿನ ದರಕ್ಕೆ ಜೋಡಣೆಯಾದವು. ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಪರಿಷ್ಕರಿಸಬೇಕು. ಗಮನಿಸಿ, ಈ ನಿಯಮ ಬ್ಯಾಂಕುಗಳಿಗೆ. ಹೌಸಿಂಗ್ ಫೈನಾನ್ಸ್ ಕಂಪನಿಗಳು ಈಗಲೂ ತಮ್ಮದೇ ಮೂಲ ದರ ಇಟ್ಟುಕೊಳ್ಳಬಹುದು. 2019ಕ್ಕೂ ಹಿಂದಿನ ಸಾಲವಾಗಿದ್ದರೆ, ಕೇಳಿ ಬದಲಾಯಿಸಿಕೊಂಡಿರದಿದ್ದರೆ, ಅದು ಇನ್ನೂ ಹಳೆಯ ಪದ್ಧತಿಯಲ್ಲೇ ಮಲಗಿರಬಹುದು.

ಪಾರದರ್ಶಕತೆ ಬಂತು, ಜೊತೆಗೆ ಏರಿಕೆಯೂ ನೇರವಾಗಿ ಬಂತು. 2021ರಲ್ಲಿ ರೆಪೊ ಶೇ 4 ಇದ್ದಾಗ ಶೇ 6.75ಕ್ಕೆ ಮನೆಸಾಲ ಸಿಗುತ್ತಿತ್ತು. 2022ರ ಮೇಯಿಂದ 2023ರ ಫೆಬ್ರವರಿಯೊಳಗೆ ರೆಪೊ ಶೇ 6.5 ಮುಟ್ಟಿತು. ಶೇ 6.75ರಲ್ಲಿ 50 ಲಕ್ಷ ತೆಗೆದುಕೊಂಡವರ ಕಂತು 38,018 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ದರ ಶೇ 9.25 ಆಯಿತು, ಕಂತು ಮಾತ್ರ ಹಾಗೇ ಇರಲಿ ಎಂದರೆ ಏನಾಗುತ್ತದೆ? ಬಾಕಿ 48 ಲಕ್ಷ 77 ಸಾವಿರದ ಮೇಲೆ ತಿಂಗಳ ಬಡ್ಡಿಯೇ 37,598. ಅಸಲಿಗೆ ಹೋಗುವುದು 420 ರೂಪಾಯಿ. ಸಾಲ ತೀರಲು ಇನ್ನೂ 49 ವರ್ಷ ಬೇಕು! ಮೂಲ ಅವಧಿಯಲ್ಲೇ ಮುಗಿಸಬೇಕಾದರೆ ಕಂತು 45,498 ಆಗಬೇಕು. ಏರಿಕೆ ಹಂತಹಂತವಾಗಿ ಬಂದದ್ದರಿಂದ ಯಾರಿಗೂ ಒಂದೇ ಏಟಿಗೆ ಈ ಚಿತ್ರ ಕಾಣಲಿಲ್ಲ. ಬ್ಯಾಂಕುಗಳು ಕಂತು ಮುಟ್ಟದೆ ಅವಧಿಯನ್ನು ಎಳೆದವು. ಸಾಲಗಾರರ ಮೊಬೈಲಿಗೆ ಒಂದು ಸಂದೇಶ ಬಂದಿರಬಹುದು, ಓದಿರಲಿಕ್ಕಿಲ್ಲ. ಖಾತೆಯಿಂದ ಹೋಗುವ ಹಣ ಅಷ್ಟೇ ಇದ್ದರೆ ಯಾರು ತಾನೇ ವಿಚಾರಿಸುತ್ತಾರೆ? ನಿವೃತ್ತಿಗೆ ಮುಂಚೆ ಮುಗಿಯಬೇಕಿದ್ದ ಸಾಲ ನಿವೃತ್ತಿಯ ಆಚೆಗೆ ಸರಿದದ್ದು ಹಲವರಿಗೆ ತಿಳಿದದ್ದು ಮರುಪಾವತಿ ಪಟ್ಟಿ ತೆಗೆಸಿದಾಗ.

ಈ ಗದ್ದಲದ ಮೇಲೆ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಹೊರಡಿಸಿದ ಸುತ್ತೋಲೆ ಸಾಲಗಾರರ ಪಾಲಿಗೆ ದೊಡ್ಡದು. ದರ ಏರಿದಾಗ ಕಂತು ಹೆಚ್ಚಿಸಬೇಕೋ, ಅವಧಿ ಹೆಚ್ಚಿಸಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬುದನ್ನು ಗ್ರಾಹಕನನ್ನು ಕೇಳಬೇಕು; ಸ್ಥಿರ ದರಕ್ಕೆ ಬದಲಾಗುವ ಆಯ್ಕೆಯನ್ನು ಬ್ಯಾಂಕಿನ ನೀತಿಗೆ ಅನುಗುಣವಾಗಿ ಕೊಡಬೇಕಿತ್ತು, 2025ರ ಅಕ್ಟೋಬರ್‌ನಿಂದ ಅದು ಕಡ್ಡಾಯವಲ್ಲ; ಕಂತು ಬಡ್ಡಿಗೂ ಸಾಲದೆ ಅಸಲು ಬೆಳೆಯುವಂಥ ಸ್ಥಿತಿಗೆ ಅವಧಿಯನ್ನು ಎಳೆಯಬಾರದು. ಆದರೂ ಆಯ್ಕೆಯನ್ನು ಬಾಯಿಬಿಟ್ಟು ಹೇಳದವರ ವಿಷಯದಲ್ಲಿ ತೀರ್ಮಾನ ಬ್ಯಾಂಕಿನದೇ ಆಗಿಬಿಡುತ್ತದೆ. ನನ್ನ ಮಟ್ಟಿಗೆ ಗೃಹಸಾಲದ ಇಪ್ಪತ್ತು ವರ್ಷದಲ್ಲಿ ಬ್ಯಾಂಕಿಗೆ ಬರೆಯಬೇಕಾದ ಅತಿ ಮುಖ್ಯ ಪತ್ರ ಇದೇ: ‘ದರ ಏರಿದೆ, ನನ್ನ ಅವಧಿ ಮುಟ್ಟಬೇಡಿ, ಕಂತು ಹೆಚ್ಚಿಸಿ.’

ಇಳಿಕೆಯ ಕಾಲದಲ್ಲಿ ಇದರ ತದ್ವಿರುದ್ಧ ಒಂದು ಸೋರಿಕೆ ಇದೆ. 2025ರಲ್ಲಿ ರೆಪೊ ಶೇ 6.5ರಿಂದ ಇಳಿಯುತ್ತ ಡಿಸೆಂಬರ್ ಹೊತ್ತಿಗೆ ಶೇ 5.25 ಆಯಿತು. ರೆಪೊಗೆ ಜೋಡಿಸಿದ ಸಾಲಗಾರರಿಗೆ ಅದು ತಲುಪಿತು. ಆದರೆ ರೆಪೊದ ಮೇಲೆ ಬ್ಯಾಂಕು ಸೇರಿಸುವ ಸ್ಪ್ರೆಡ್ ಸಾಮಾನ್ಯವಾಗಿ ಸಾಲ ಪಡೆದ ದಿನದ್ದೇ ಇರುತ್ತದೆ. ಪೈಪೋಟಿಯಲ್ಲಿ ಹೊಸಬರಿಗೆ ಸ್ಪ್ರೆಡ್ ಇಳಿಸುವ ಬ್ಯಾಂಕು ಹಳಬರನ್ನು ಕರೆದು ‘ನಿಮಗೂ ಇಳಿಸುತ್ತೇವೆ ಬನ್ನಿ’ ಎನ್ನುವುದಿಲ್ಲ. ಒಂದೇ ಮಹಡಿಯ ಅಕ್ಕಪಕ್ಕದ ಫ್ಲ್ಯಾಟಿನವರು ಒಂದೇ ಬ್ಯಾಂಕಿಗೆ ಮುಕ್ಕಾಲು ಪರ್ಸೆಂಟ್ ವ್ಯತ್ಯಾಸದ ಬಡ್ಡಿ ಕಟ್ಟುವುದು ಸಾಧ್ಯ. ಇಳಿಸಿಕೊಡಿ ಎಂದು ಅರ್ಜಿ ಕೊಟ್ಟು, ಕೇಳಿದ ಸಣ್ಣ ಶುಲ್ಕ ಕಟ್ಟಿದರೆ ಎಷ್ಟೋ ಸಲ ಕೆಲಸವಾಗುತ್ತದೆ. ಆಗದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸಬಹುದು. ವರ್ಗಾಯಿಸುವಾಗ ಹೊಸ ಪ್ರೊಸೆಸಿಂಗ್ ಫೀ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ ಮುದ್ರಾಂಕ ಶುಲ್ಕ ಎಲ್ಲ ಮತ್ತೊಮ್ಮೆ ಬರುತ್ತವೆ; ಸಾಲದ ಕೊನೆಯ ಐದಾರು ವರ್ಷದಲ್ಲಿ ಈ ಓಡಾಟ ಸಾಮಾನ್ಯವಾಗಿ ಗಿಟ್ಟುವುದಿಲ್ಲ. ಹೊಸ ಬ್ಯಾಂಕು ‘ಮತ್ತೆ ಇಪ್ಪತ್ತು ವರ್ಷ’ ಎಂದು ಅವಧಿ ಹಿಗ್ಗಿಸಿ ಕಂತು ಇಳಿಸಿ ತೋರಿಸುವ ಆಟಕ್ಕೆ ಬಿದ್ದರಂತೂ ಉಳಿಸಲು ಹೋಗಿ ಕಳೆದುಕೊಂಡಂತೆ.

ಕೋವಿಡ್ ಕಾಲದ ಮೊರಟೋರಿಯಂ ಈ ವಿಷಯಕ್ಕೆಲ್ಲ ಒಂದು ದೊಡ್ಡ ಪಾಠಶಾಲೆಯೇ ಆಗಿತ್ತು. 2020ರ ಮಾರ್ಚ್‌ನಿಂದ ಆಗಸ್ಟ್‌ವರೆಗೆ ಆರು ಕಂತು ಮುಂದೂಡಲು ಅವಕಾಶವಿತ್ತು. ಮನ್ನಾ ಎಂದು ತಿಳಿದವರೂ ಇದ್ದರು. ಆಗಷ್ಟೇ ಸಾಲ ಪಡೆದಿದ್ದವರು ನಮ್ಮ ಉದಾಹರಣೆಯ ದರದಲ್ಲಿ ಆರು ಕಂತು ಬಿಟ್ಟಿದ್ದರೆ ಅಸಲು 52 ಲಕ್ಷ 16 ಸಾವಿರಕ್ಕೆ ಬೆಳೆಯುತ್ತಿತ್ತು. ಕಂತು ಅಷ್ಟೇ ಇಟ್ಟುಕೊಂಡರೆ 240ರ ಬದಲು 270 ಕಂತು. ಬಿಟ್ಟದ್ದು ಆರು, ಸೇರಿದ್ದು ಮೂವತ್ತು. ಬಡ್ಡಿಯ ಮೇಲಿನ ಬಡ್ಡಿ ಹಾಕಬಾರದು ಎಂದು ಸುಪ್ರೀಂ ಕೋರ್ಟ್ 2021ರ ಮಾರ್ಚ್‌ನಲ್ಲಿ ಹೇಳಿತು, ಸರ್ಕಾರ ಅದಕ್ಕೂ ಮುಂಚೆ 2 ಕೋಟಿವರೆಗಿನ ಸಾಲಗಳಿಗೆ ಆ ವ್ಯತ್ಯಾಸ ತುಂಬಿಕೊಟ್ಟಿತ್ತು. ಆ ಮೊತ್ತ ಸಣ್ಣದು. ಆರು ತಿಂಗಳ ಸಾದಾ ಬಡ್ಡಿ ಸಾಲಗಾರನ ಹೆಗಲ ಮೇಲೇ ಉಳಿಯಿತು. ಸಂಬಳವೇ ನಿಂತವರಿಗೆ ಬೇರೆ ದಾರಿ ಇರಲಿಲ್ಲ, ಅದು ಬೇರೆ ಮಾತು. ಸಂಬಳ ಬರುತ್ತಿದ್ದೂ ‘ಸಿಗುತ್ತದಲ್ಲ’ ಎಂದು ತೆಗೆದುಕೊಂಡವರು ದುಬಾರಿ ರಜೆ ತೆಗೆದುಕೊಂಡರು.

ಇಲ್ಲಿಯವರೆಗಿನದು ಬಡ್ಡಿಯ ಕಥೆ. ಬಡ್ಡಿಯಲ್ಲದ ಖರ್ಚು ಮನೆ ಕೊಳ್ಳುವ ವಾರದಲ್ಲೇ ಮುತ್ತಿಕೊಳ್ಳುತ್ತದೆ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಫ್ಲ್ಯಾಟಿಗೆ ಮುದ್ರಾಂಕ ಶುಲ್ಕ ಶೇ 5. ಸೆಸ್, ಸರ್ಚಾರ್ಜ್ ಸೇರಿ ನಗರ ಪ್ರದೇಶದಲ್ಲಿ ಶೇ 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2. ನಮ್ಮ 70 ಲಕ್ಷದ ಫ್ಲ್ಯಾಟಿಗೆ ಈ ಎರಡೇ 5 ಲಕ್ಷ 32 ಸಾವಿರ. ಇನ್ನೂ ಕಟ್ಟುತ್ತಿರುವ ಕಟ್ಟಡವಾದರೆ ಶೇ 5 ಜಿಎಸ್‌ಟಿ. 45 ಲಕ್ಷದೊಳಗಿನ ಸಣ್ಣ ಮನೆಗೆ ಶೇ 1. ಮನೆಯ ಬೆಲೆಯಲ್ಲಿ ಎಷ್ಟು ಪಾಲು ಸಾಲ ಕೊಡಬಹುದು ಎಂಬುದಕ್ಕೂ ಮಿತಿ ಇದೆ: ಸಾಲ 30 ಲಕ್ಷದವರೆಗಾದರೆ ಶೇ 90, 75 ಲಕ್ಷದವರೆಗೆ ಶೇ 80, ಅದರಾಚೆ ಶೇ 75. ಆ ಲೆಕ್ಕದಲ್ಲಿ ಮುದ್ರಾಂಕ, ನೋಂದಣಿ ಶುಲ್ಕ ಸೇರುವುದಿಲ್ಲ. ಹೀಗಾಗಿ ಕೈಯಿಂದ ಹಾಕಬೇಕಾದ ಹಣ ಅಂದುಕೊಂಡದ್ದಕ್ಕಿಂತ ಐದಾರು ಲಕ್ಷ ಹೆಚ್ಚು. ಅದಕ್ಕಾಗಿ ಒಡವೆ ಬ್ಯಾಂಕಿಗೆ ಹೋಗುತ್ತದೆ, ಪಿಎಫ್ ಕರಗುತ್ತದೆ, ಪರ್ಸನಲ್ ಲೋನ್ ಬರುತ್ತದೆ, ಚೀಟಿಯನ್ನು ಅವಧಿಗೆ ಮುಂಚೆ ಕೂಗಿ ಎತ್ತಬೇಕಾಗುತ್ತದೆ. ಗೃಹಸಾಲಕ್ಕೆ ಶೇ 8.5 ಎಂದು ಹೆಮ್ಮೆಯಿಂದ ಹೇಳುವ ಎಷ್ಟೋ ಮನೆಗಳ ನಿಜವಾದ ಸರಾಸರಿ ಬಡ್ಡಿ ಇದರಿಂದಾಗಿ ಅದಕ್ಕಿಂತ ಮೇಲಿರುತ್ತದೆ. ಇಂಟೀರಿಯರ್ ಎಂಬ ಬಾವಿಯ ಆಳವನ್ನು ಇಲ್ಲಿ ಅಳೆಯುವುದು ಬೇಡ.

ಕಾಗದಪತ್ರಕ್ಕೂ ಬಡ್ಡಿಗೂ ಇರುವ ನಂಟು ಬೆಂಗಳೂರಿನವರಿಗೆ ಚೆನ್ನಾಗಿ ಗೊತ್ತು. ಕಾಗದಪತ್ರ ಪೂರ್ತಿ ಸಕ್ರಮವಲ್ಲದ ಬಿ ಖಾತಾ ಸೈಟಿಗೆ, ರೆವಿನ್ಯೂ ಸೈಟಿಗೆ ದೊಡ್ಡ ಬ್ಯಾಂಕುಗಳು ಸಾಲ ಕೊಡಲು ಹಿಂಜರಿಯುತ್ತವೆ. ಕೊಡುವ ಸಂಸ್ಥೆಗಳು ಹೆಚ್ಚು ಬಡ್ಡಿ ಕೇಳುತ್ತವೆ. ಎರಡು ಪರ್ಸೆಂಟ್ ಹೆಚ್ಚಾದರೂ 50 ಲಕ್ಷಕ್ಕೆ 20 ವರ್ಷದಲ್ಲಿ 15 ಲಕ್ಷದ ಮೇಲೆ ಹೋಗುತ್ತದೆ. ಸೈಟು ‘ಅಗ್ಗ’ ಎನ್ನುವಾಗ ಈ ಹದಿನೈದು ಲಕ್ಷವನ್ನೂ ಸೇರಿಸಿ ನೋಡಬೇಕು.

ಸಾಲದ ಜೊತೆಗೆ ವಿಮೆ ಹಚ್ಚುವುದು ಇನ್ನೊಂದು ರೂಢಿ. ಸಾಲಗಾರನಿಗೆ ಏನಾದರೂ ಆದರೆ ಮನೆಯವರಿಗೆ ಮನೆ ಉಳಿಯಲಿ ಎಂಬ ಉದ್ದೇಶ ಸರಿಯಾದದ್ದೇ. ತಪ್ಪುವುದು ಕಟ್ಟುವ ರೀತಿಯಲ್ಲಿ. ಒಂದೇ ಕಂತಿನ ಪ್ರೀಮಿಯಂ ಒಂದೂವರೆ ಲಕ್ಷವನ್ನು ಸಾಲಕ್ಕೇ ಸೇರಿಸಿದರೆ ಅದರ ಮೇಲೂ ಇಪ್ಪತ್ತು ವರ್ಷ ಬಡ್ಡಿ ಓಡಿ, ಕೊನೆಗೆ 3 ಲಕ್ಷ 12 ಸಾವಿರ ಕಟ್ಟಿರುತ್ತೇವೆ. ಇಂಥ ಕಂಪನಿಯ ಪಾಲಿಸಿಯನ್ನೇ ತೆಗೆದುಕೊಳ್ಳಬೇಕು ಎಂದು ಬ್ಯಾಂಕು ಕಡ್ಡಾಯ ಮಾಡುವಂತಿಲ್ಲ. ಹೊರಗೆ ವರ್ಷವರ್ಷ ಕಟ್ಟುವ ಟರ್ಮ್ ಪಾಲಿಸಿಯ ದರ ವಿಚಾರಿಸಿ ನೋಡಿದ ಮೇಲೆ ಸಹಿ ಹಾಕಿದರೆ ಸಾಕು.

ಕಟ್ಟಡ ಮುಗಿಯುವ ಮುಂಚೆ ಸಾಲ ಬಿಡುಗಡೆಯಾದರೆ ಪೂರ್ತಿ ಕಂತು ಶುರುವಾಗುವುದಿಲ್ಲ. ಬಿಡುಗಡೆಯಾದಷ್ಟಕ್ಕೆ ಬಡ್ಡಿ ಮಾತ್ರ, ‘ಪ್ರೀ ಇಎಂಐ’. 50 ಲಕ್ಷವೂ ಬಿಡುಗಡೆಯಾಗಿ ಬಿಲ್ಡರ್ ಎರಡು ವರ್ಷ ತಡ ಮಾಡಿದರೆ ಎಂಟೂವರೆ ಲಕ್ಷ ಹೋಗಿರುತ್ತದೆ, ಅಸಲಿನಲ್ಲಿ ಒಂದು ರೂಪಾಯಿ ತಗ್ಗಿರುವುದಿಲ್ಲ. ಇತ್ತ ಬಾಡಿಗೆಯೂ ನಿಂತಿರುವುದಿಲ್ಲ. ತಡವಾದದ್ದಕ್ಕೆ ಕರ್ನಾಟಕ ರೇರಾ ನಿಯಮದಂತೆ ಸ್ಟೇಟ್ ಬ್ಯಾಂಕಿನ ಎಂಸಿಎಲ್‌ಆರ್ ಮೇಲೆ ಶೇ 2 ಸೇರಿಸಿ ಬಡ್ಡಿ ಕೇಳಬಹುದು. ಆದೇಶ ಸಿಕ್ಕರೂ ಬಿಲ್ಡರ್ ಕೊಡದಿದ್ದರೆ ವಸೂಲಿ ಪ್ರಮಾಣಪತ್ರ ಜಿಲ್ಲಾಧಿಕಾರಿಯ ಕಚೇರಿಗೆ ಹೋಗಿ ಭೂಕಂದಾಯ ಬಾಕಿಯ ಹಾಗೆ ವಸೂಲಾಗಬೇಕು. ಆ ದಾರಿ ಉದ್ದದ್ದು. ‘ಮನೆ ಕೈಗೆ ಬರುವವರೆಗೆ ಬಡ್ಡಿ ನಾವೇ ಕಟ್ಟುತ್ತೇವೆ’ ಎಂಬ ಸಬ್‌ವೆನ್ಷನ್ ಯೋಜನೆಗಳು ಇನ್ನೂ ಅಪಾಯದವು. ಸಾಲ ಇರುವುದು ಮನೆ ಕೊಳ್ಳುವವನ ಹೆಸರಿನಲ್ಲಿ. ಬಿಲ್ಡರ್ ಕೈಬಿಟ್ಟ ದಿನ ನೋಟಿಸು ಬರುವುದು ಕೊಂಡವನಿಗೆ, ಸಿಬಿಲ್ ಸ್ಕೋರ್ ಕುಸಿಯುವುದೂ ಅವನದೇ. ಹೌಸಿಂಗ್ ಫೈನಾನ್ಸ್ ಕಂಪನಿಗಳು ಇಂಥ ಸಾಲದಿಂದ ದೂರವಿರಬೇಕೆಂದು ರಾಷ್ಟ್ರೀಯ ವಸತಿ ಬ್ಯಾಂಕ್ 2019ರಲ್ಲಿ ಹೇಳಿತು. 2025ರಲ್ಲಿ ಸುಪ್ರೀಂ ಕೋರ್ಟ್ ಬಿಲ್ಡರ್–ಬ್ಯಾಂಕ್ ಹೊಂದಾಣಿಕೆಯ ಬಗ್ಗೆ ಸಿಬಿಐ ತನಿಖೆಗೇ ಆದೇಶಿಸಿತು.

ತೆರಿಗೆ ಉಳಿಯುತ್ತದೆ ಎಂಬ ಸಮರ್ಥನೆಗೆ ಈಗ ಹಳೆಯ ಬಲ ಇಲ್ಲ. ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಎಂಬ ಮಿತಿ 2014ರಲ್ಲಿ ನಿಗದಿಯಾದದ್ದು. ಮನೆಗಳ ಬೆಲೆ ಎಲ್ಲಿಗೋ ಹೋದರೂ ಅದು ಅಲ್ಲೇ ಇದೆ. ನಮ್ಮ ಸಾಲದ ಮೊದಲ ವರ್ಷದ ಬಡ್ಡಿ 4 ಲಕ್ಷ 21 ಸಾವಿರ. ಶೇ 30ರ ಹಂತದಲ್ಲಿರುವವರಿಗೂ ಉಳಿಯುವುದು 62,400 ರೂಪಾಯಿ, ಅದೂ ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ವಾಸದ ಮನೆಯ ಬಡ್ಡಿಗೆ ಏನೂ ಇಲ್ಲ. ತೆರಿಗೆ ಉಳಿಸಲೆಂದೇ ಸಾಲ ಮುಂಚೆ ತೀರಿಸದೆ ಇಟ್ಟುಕೊಂಡವರು ತಾವು ಯಾವ ಪದ್ಧತಿಯಲ್ಲಿದ್ದೇವೆ ಎಂದು ಮೊದಲು ನೋಡಿಕೊಳ್ಳಲಿ.

ಬಾಡಿಗೆಯೋ ಸ್ವಂತವೋ ಎಂಬ ಜಗಳಕ್ಕೆ ಇಲ್ಲಿ ತೀರ್ಪು ಕೊಡಲಾಗದು. ಆದರೆ ಲೆಕ್ಕದಲ್ಲಿ ಮರೆತುಹೋಗುವ ಎರಡು ಬಾಬ್ತು ಹೇಳಬಹುದು. ಒಂದು, ಕೈಯಿಂದ ಹಾಕಿದ ಹಣ. ಮುಂಗಡ 20 ಲಕ್ಷ ಮತ್ತು ನೋಂದಣಿಯ 5 ಲಕ್ಷ 32 ಸಾವಿರ ಶೇ 7ರಲ್ಲಿ ಇಪ್ಪತ್ತು ವರ್ಷ ಬೆಳೆದಿದ್ದರೆ, ತೆರಿಗೆ ಬದಿಗಿಟ್ಟು, 98 ಲಕ್ಷದ ಹತ್ತಿರ ಆಗುತ್ತಿತ್ತು. ಎರಡು, ಮೇಂಟೆನೆನ್ಸ್ ಮತ್ತು ಆಸ್ತಿ ತೆರಿಗೆ. 1,200 ಚದರಡಿಗೆ ಅಡಿಗೆ 4 ರೂಪಾಯಿಯಂತೆ ಒಂದಿಷ್ಟೂ ಏರದೆ ಇಪ್ಪತ್ತು ವರ್ಷ ಕಟ್ಟಿದರೂ ಮೇಂಟೆನೆನ್ಸ್ 11 ಲಕ್ಷ ದಾಟುತ್ತದೆ. ಎದುರಿನ ತಟ್ಟೆಯಲ್ಲಿ ಉಳಿದ ಬಾಡಿಗೆ ಇದೆ, ನಿವೇಶನದ ಬೆಲೆಯೇರಿಕೆ ಇದೆ, ಮನೆ ಖಾಲಿ ಮಾಡಿ ಎನ್ನುವವರಿಲ್ಲದ ನೆಮ್ಮದಿ ಇದೆ. ಆ ನೆಮ್ಮದಿಗೆ ಬೆಲೆ ಕಟ್ಟುವುದು ಅವರವರಿಗೆ ಬಿಟ್ಟದ್ದು. ಅದೇ ಹೊತ್ತಿಗೆ, ಕಂತಿನ ಭಯದಲ್ಲಿ ಬೇಡದ ಕೆಲಸಕ್ಕೆ ಅಂಟಿಕೊಂಡವರ ಸಂಖ್ಯೆಯೂ ವೈಟ್‌ಫೀಲ್ಡ್, ಎಲೆಕ್ಟ್ರಾನಿಕ್ ಸಿಟಿಯ ಕಚೇರಿಗಳಲ್ಲಿ ಕಡಿಮೆಯಿಲ್ಲ.

2024ರ ಅಕ್ಟೋಬರ್ 1ರಿಂದ ಬ್ಯಾಂಕುಗಳು, ಹೌಸಿಂಗ್ ಫೈನಾನ್ಸ್ ಕಂಪನಿಗಳು ಹೊಸ ಸಾಲಗಾರರಿಗೆ ಮುಖ್ಯಾಂಶಗಳ ಪಟ್ಟಿಯೊಂದನ್ನು ಕೊಡಬೇಕು. ಪ್ರೊಸೆಸಿಂಗ್ ಫೀ, ವಕೀಲರ ಶುಲ್ಕ, ವಿಮೆ ಎಲ್ಲ ಸೇರಿಸಿದಾಗ ವಾರ್ಷಿಕ ದರ ಎಷ್ಟಾಗುತ್ತದೆ ಎಂಬುದು ಅದರಲ್ಲಿ ಇರಲೇಬೇಕು. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಎಂದೂ ನಿಯಮ ಹೇಳುತ್ತದೆ. ಕನ್ನಡದಲ್ಲಿ ಕೇಳುವ ಹಕ್ಕು ನಿಮಗಿದೆ, ಕೇಳಿ. ಎರಡು ಬ್ಯಾಂಕುಗಳ ಜಾಹೀರಾತಿನ ದರಗಳನ್ನು ಹೋಲಿಸುವುದಕ್ಕಿಂತ ಈ ಎರಡು ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟು ನೋಡುವುದರಿಂದ ಹೆಚ್ಚು ತಿಳಿಯುತ್ತದೆ. ಪಟ್ಟಿಯಲ್ಲಿ ಹೆಸರಿಸದ ಶುಲ್ಕವನ್ನು ಆಮೇಲೆ ನಿಮ್ಮ ಒಪ್ಪಿಗೆಯಿಲ್ಲದೆ ಹಾಕುವಂತಿಲ್ಲ. ಮುಂದೆ ರೆಪೊ ಎಷ್ಟು ಏರುತ್ತದೆ ಎಂಬುದನ್ನು ಮಾತ್ರ ಯಾವ ಪಟ್ಟಿಯೂ ಹೇಳಲಾರದು. ಆದ್ದರಿಂದ ಕಂತನ್ನು ಎರಡು ಪರ್ಸೆಂಟ್ ಹೆಚ್ಚಿನ ದರಕ್ಕೂ ಲೆಕ್ಕ ಹಾಕಿ, ಅದನ್ನೂ ಕಟ್ಟಬಲ್ಲೆವೇ ಎಂದು ನೋಡಿಕೊಳ್ಳಬೇಕು. ನಮ್ಮ ಉದಾಹರಣೆಯಲ್ಲಿ ಅದು 49,919 ರೂಪಾಯಿ.

ಕೊನೆಯ ಕಂತು ಕಟ್ಟಿದ ಮೇಲೂ ಒಂದು ಕೆಲಸ ಉಳಿದಿರುತ್ತದೆ. ಮೂಲ ಕ್ರಯಪತ್ರ ಮತ್ತಿತರ ದಾಖಲೆಗಳನ್ನು 30 ದಿನದೊಳಗೆ ಬ್ಯಾಂಕು ಮರಳಿಸಬೇಕು. ತನ್ನದೇ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಸಾಲಗಾರ ತೀರಿಕೊಂಡಿದ್ದರೆ ವಾರಸುದಾರರಿಗೆ ದಾಖಲೆ ಮರಳಿಸುವ ಕ್ರಮವನ್ನೂ ಬ್ಯಾಂಕು ಮೊದಲೇ ಪ್ರಕಟಿಸಿರಬೇಕು. ಸಾಲದ ಹೊರೆಯನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ದಾಖಲಿಸಿದ್ದರೆ ಅಲ್ಲಿಗೂ ಹೋಗಿ ಬಿಡುಗಡೆಯನ್ನು ನೋಂದಾಯಿಸಬೇಕು, ಅದಕ್ಕೂ ಶುಲ್ಕವಿದೆ. ಇದನ್ನು ಮಾಡದೆ ಬಿಟ್ಟರೆ ಹತ್ತು ವರ್ಷದ ನಂತರ ಮನೆ ಮಾರಲು ಹೊರಟಾಗ ಋಣಭಾರ ಪತ್ರದಲ್ಲಿ ತೀರಿಹೋದ ಸಾಲ ಇನ್ನೂ ಬಾಕಿಯೆಂದೇ ಕಾಣುತ್ತದೆ, ಕೊಳ್ಳುವವರ ಬ್ಯಾಂಕು ಕಡತ ಹಿಂದಿರುಗಿಸುತ್ತದೆ.